ಕ್ಷೇತ್ರವೇ ಇಲ್ಲವಾದ ಶಾಸಕರು: ಒಂದು ಪ್ರಕರಣ ಅಧ್ಯಯನ

2008ರ ಫೆಬ್ರವರಿಯಲ್ಲಿ ಕ್ಷೇತ್ರ ಮರುವಿಂಗಡಣೆ ಜಾರಿಗೆ ಬಂದಾಗ ಕರ್ನಾಟಕ ವಿಧಾನಸಭೆಯ ಒಟ್ಟು ಸ್ಥಾನ 224ರಲ್ಲೇ ನಿಂತಿತು, ಒಳಗಿನ ಗೆರೆಗಳು ಮಾತ್ರ ರಾಜ್ಯದುದ್ದಕ್ಕೂ ಬದಲಾದವು. ಪರಿಶಿಷ್ಟ ಪಂಗಡಕ್ಕೆ ಮೀಸಲಾದ ಕ್ಷೇತ್ರಗಳು 2ರಿಂದ 15ಕ್ಕೆ ಏರಿದವು, ಪರಿಶಿಷ್ಟ ಜಾತಿಯವು 33ರಿಂದ 36ಕ್ಕೆ. ಬೆಂಗಳೂರು ನಗರ ಜಿಲ್ಲೆಯೊಂದಕ್ಕೇ 28 ಸ್ಥಾನ ಸಿಕ್ಕಿತು. ಒಂದು ಕಡೆ ಹೆಚ್ಚಿದರೆ ಇನ್ನೊಂದು ಕಡೆ ಕಡಿಮೆಯಾಗಲೇಬೇಕಲ್ಲ. ಹಾಗೆ ನಕ್ಷೆಯಿಂದ ಅಳಿಸಿಹೋದ ಕ್ಷೇತ್ರಗಳಲ್ಲಿ ಒಂದನ್ನು ಎರಡು ಅವಧಿ ಪ್ರತಿನಿಧಿಸಿದ್ದವರ ರಾಜಕೀಯ ಬದುಕನ್ನು ಇಲ್ಲಿ ಬಿಡಿಸಿ ನೋಡಿದ್ದೇನೆ.

ಅವರನ್ನು ಉದ್ದಕ್ಕೂ ‘ಶಾಸಕರು’ ಎಂದಷ್ಟೇ ಕರೆಯುತ್ತೇನೆ. ಹೆಸರು, ಜಾತಿ, ಪಕ್ಷ, ಜಿಲ್ಲೆ ಯಾವುದನ್ನೂ ಹೇಳುವುದಿಲ್ಲ. ಗುರುತು ಹತ್ತದಿರಲೆಂದು ಒಂದೆರಡು ಸಣ್ಣ ವಿವರಗಳನ್ನು ಬದಲಿಸಿದ್ದೇನೆ. ಪಂಚಾಯತಿಗೆ ಹೊಸದಾಗಿ ಆಯ್ಕೆಯಾದವರಿಗೆ ತರಬೇತಿ ಕೊಡುವುದು ನನ್ನ ಕೆಲಸ. ಮುಂದೆ ಶಾಸಕರಾಗಬೇಕೆಂದು ಆಸೆಪಡುವವರು ಅಲ್ಲಿ ಬಹಳ ಮಂದಿ. ಅವರ ಮುಂದೆ ಗೆದ್ದವರ ಕಥೆ ಮಾತ್ರ ಇಟ್ಟರೆ ಸಾಲದು. ಗೆದ್ದು, ಸೋತು, ಮತ್ತೆ ಗೆದ್ದು, ಮತ್ತೆ ಸೋತ ಒಬ್ಬರ ನಿರ್ಧಾರಗಳನ್ನು ಒಂದೊಂದಾಗಿ ಬಿಚ್ಚಿ ನೋಡಬೇಕು.

ಮಂಡಲದಿಂದ ವಿಧಾನಸಭೆಗೆ

ಬಯಲುಸೀಮೆಯ ಒಣಬೇಸಾಯದ ಮನೆ. ಅಪ್ಪನಿಗೆ ಒಂದಿಷ್ಟು ಹೊಲ, ಮಳೆ ಬಂದರೆ ರಾಗಿ, ಬಾರದಿದ್ದರೆ ಕೂಲಿ. ಶಾಸಕರು ಸರ್ಕಾರಿ ಹಾಸ್ಟೆಲಿನಲ್ಲಿದ್ದು ಬಿ.ಎ. ಮುಗಿಸಿ, ಕೆಲಸ ಸಿಗದೆ ಊರಿಗೆ ಮರಳಿದ್ದರು. 1983ರ ಕಾಯ್ದೆಯಡಿ ಜಿಲ್ಲಾ ಪರಿಷತ್ತು ಮತ್ತು ಮಂಡಲ ಪಂಚಾಯತಿಗಳಿಗೆ 1987ರಲ್ಲಿ ಚುನಾವಣೆ ನಡೆಯಿತು. ‘ನೀರ್ ಸಾಬ್’ ಎಂದು ಹಳ್ಳಿಹಳ್ಳಿಯಲ್ಲಿ ಹೆಸರಾಗಿದ್ದ, ಆಗಿನ ಗ್ರಾಮೀಣಾಭಿವೃದ್ಧಿ ಮತ್ತು ಪಂಚಾಯತ್‌ರಾಜ್ ಸಚಿವ ಅಬ್ದುಲ್ ನಜೀರ್ ಸಾಬ್ ಅವರ ಕಾಲ ಅದು. ಓದಿದ ಹುಡುಗರು ಪಂಚಾಯತಿಗೆ ನಿಲ್ಲಬಹುದು, ನಿಂತರೆ ಏನಾದರೂ ಮಾಡಬಹುದು ಎಂಬ ನಂಬಿಕೆ ಮೊದಲ ಸಲ ಹುಟ್ಟಿತ್ತು. ಇವರು ಗೆದ್ದು ಮಂಡಲ ಪ್ರಧಾನರಾದರು. ಊರಿನ ಹಿರಿಯರು ಇವತ್ತಿಗೂ ಅವರನ್ನು ‘ಪ್ರಧಾನ್ರು’ ಎಂದೇ ಕರೆಯುತ್ತಾರೆ.

1993ರ ಪಂಚಾಯತ್‌ರಾಜ್ ಕಾಯ್ದೆ ಬಂದ ಮೇಲೆ 1995ರಲ್ಲಿ ಜಿಲ್ಲಾ ಪಂಚಾಯತಿಗೆ ಆಯ್ಕೆಯಾಗಿ ಶಿಕ್ಷಣ ಮತ್ತು ಆರೋಗ್ಯ ಸ್ಥಾಯಿ ಸಮಿತಿಯ ಅಧ್ಯಕ್ಷರಾದರು. ಆ ಅವಧಿಯ ಕೆಲಸಗಳಲ್ಲಿ ಒಂದನ್ನು ಓದುಗರು ನೆನಪಿಟ್ಟುಕೊಳ್ಳಬೇಕು. ತಮ್ಮ ತಾಲ್ಲೂಕಿನ ಗಡಿಗೆ ಅಂಟಿಕೊಂಡ ಹಳ್ಳಿಯೊಂದರಲ್ಲಿ ಸರ್ಕಾರಿ ಪ್ರೌಢಶಾಲೆಗೆ ಅವರು ಪಟ್ಟು ಹಿಡಿದರು. ‘ಅಲ್ಲಿ ಶಾಲೆ ಕಟ್ಟಿಸಿದರೆ ಅರ್ಧ ಮಕ್ಕಳು ಪಕ್ಕದ ತಾಲ್ಲೂಕಿನಿಂದ ಬರುತ್ತಾರೆ, ನಮಗೇನು ಲಾಭ’ ಎಂದು ಜೊತೆಗಿದ್ದವರೇ ಆಕ್ಷೇಪಿಸಿದ್ದರು. ಮಕ್ಕಳು ಎಲ್ಲಿಂದ ಬಂದರೇನು ಎಂದು ಅವರು ಮಾಡಿಸಿಯೇ ಬಿಟ್ಟರು. ಲೆಕ್ಕ ಹಾಕಿ ಮಾಡಿದ ಕೆಲಸ ಅದಲ್ಲ, ವಯಸ್ಸಿನ ಹುಮ್ಮಸ್ಸಿನಲ್ಲಿ ಮಾಡಿದ್ದು.

1999ರಲ್ಲಿ ವಿಧಾನಸಭೆಗೆ ಟಿಕೆಟ್ ಸಿಕ್ಕಿತು, ಗೆದ್ದರು. 2004ರಲ್ಲಿ ಮತ್ತೆ ಗೆದ್ದರು.

ಮನೆ ಮುಂದಿನ ಜನ

ಮೊದಲ ಅವಧಿಯಲ್ಲಿ ಅವರ ಮನೆ ಮುಂದೆ ಬೆಳಗಿನ ಆರು ಗಂಟೆಗೇ ಜನ ಸೇರುತ್ತಿದ್ದರು. ಮಗಳ ವರ್ಗಾವಣೆಗೆ ಬಂದ ಮೇಷ್ಟ್ರು, ವಿಧವಾ ವೇತನ ನಿಂತುಹೋದ ಅಜ್ಜಿ, ಟ್ರಾನ್ಸ್‌ಫಾರ್ಮರ್ ಸುಟ್ಟು ವಾರವಾದರೂ ಯಾರೂ ಬರಲಿಲ್ಲ ಎನ್ನುವ ರೈತರು, ಪೊಲೀಸ್ ಠಾಣೆಯಲ್ಲಿ ಕೂರಿಸಿಕೊಂಡ ಮಗನನ್ನು ಬಿಡಿಸಿಕೊಡಿ ಎನ್ನುವ ತಂದೆ. ಶಾಸಕರು ಒಬ್ಬೊಬ್ಬರನ್ನೂ ಹೆಸರು ಹಿಡಿದು ಮಾತಾಡಿಸಿ, ಅಲ್ಲೇ ಫೋನ್ ಮಾಡಿ, ಇಲ್ಲವೇ ಲೆಟರ್‌ಹೆಡ್ಡಿನಲ್ಲಿ ಶಿಫಾರಸು ಬರೆದು ಕೊಡುತ್ತಿದ್ದರು. 2001ರಿಂದ ಸತತ ಮೂರು ವರ್ಷ ಬರ ಬಿದ್ದಾಗ ಆ ಸಾಲು ಇನ್ನೂ ಉದ್ದವಾಯಿತು. ‘ನಮ್ಮ ಎಮ್ಮೆಲ್ಲೆ ಕೆಲಸ ಮಾಡಿಕೊಡ್ತಾರೆ’ ಎಂಬ ಮಾತು ತಾಲ್ಲೂಕೆಲ್ಲ ಹಬ್ಬಿತು.

ಈ ದುಡಿಮೆಯನ್ನು ನಾನು ಹಗುರ ಮಾಡಲಾರೆ. ಕಚೇರಿಯ ಬಾಗಿಲಲ್ಲಿ ನಿಂತು ನಿಂತು ಸಾಕಾದವರಿಗೆ ಶಾಸಕರ ಒಂದು ಫೋನು ಎಂದರೆ ಎಷ್ಟು ದೊಡ್ಡದು ಎಂಬುದು ಅನುಭವಿಸಿದವರಿಗೇ ಗೊತ್ತು. ಆದರೆ ಈ ದಾರಿಗೆ ಒಂದು ಮಿತಿಯಿದೆ. ಮನೆವರೆಗೂ ಬರಲು ಬಸ್ ಚಾರ್ಜು, ಒಂದು ದಿನದ ಬಿಡುವು, ಜೊತೆಗೆ ಕರೆತರುವ ಒಬ್ಬ ಮುಖಂಡ, ಈ ಮೂರೂ ಇದ್ದವರು ಮಾತ್ರ ಆ ಸಾಲಿನಲ್ಲಿ ನಿಲ್ಲಬಲ್ಲರು. ಉಳಿದವರು ಶಾಸಕರಿಗೆ ಕಾಣಿಸುವುದೇ ಇಲ್ಲ.

ಈ ಮಿತಿ ಎಲ್ಲಕ್ಕಿಂತ ಹೆಚ್ಚಾಗಿ ಕಂಡದ್ದು ಬಗರ್‌ಹುಕುಂ ಸಮಿತಿಯಲ್ಲಿ. ಸರ್ಕಾರಿ ಜಮೀನನ್ನು ಮಂಜೂರಾತಿಯಿಲ್ಲದೆ ವರ್ಷಗಟ್ಟಲೆ ಉತ್ತುಕೊಂಡು ಬಂದ ಬಡ ರೈತರಿಗೆ ಅದನ್ನು ಸಕ್ರಮ ಮಾಡಿಕೊಡಲು ಭೂಕಂದಾಯ ಕಾಯ್ದೆಯಲ್ಲಿ ಅವಕಾಶವಿದೆ. 1991ರಲ್ಲಿ ಫಾರಂ 50, 1999ರ ಹೊತ್ತಿಗೆ ಫಾರಂ 53, ಮುಂದೆ 2018ರಲ್ಲಿ ಫಾರಂ 57ರಲ್ಲಿ ಅರ್ಜಿ ಕರೆದರು. ಸಮಿತಿಗೆ ಶಾಸಕರೇ ಅಧ್ಯಕ್ಷರು, ತಹಶೀಲ್ದಾರರು ಕಾರ್ಯದರ್ಶಿ. ಒಂದು ಫೈಲು ಮುಗಿಯಬೇಕಾದರೆ ಅರ್ಜಿಯ ಹಿಂದೆ ಪಹಣಿ, ಗ್ರಾಮ ಲೆಕ್ಕಿಗರ ವರದಿ, ರೆವಿನ್ಯೂ ಇನ್‌ಸ್ಪೆಕ್ಟರರ ಮಹಜರು, ಸರ್ವೆಯರ್ ನಕ್ಷೆ ಎಲ್ಲ ಸೇರಿ ಸಮಿತಿಯ ಮುಂದೆ ಬರಬೇಕು. ಒಪ್ಪಿಗೆಯಾದ ಮೇಲೆ ಸಾಗುವಳಿ ಚೀಟಿ, ಎಂದರೆ ಜಮೀನು ಮಂಜೂರಾದ ಪತ್ರ, ಆಮೇಲೆ ಖಾತೆ. ಗೋಮಾಳವಾಗಿದ್ದರೆ ದನಕರುಗಳ ಸಂಖ್ಯೆಗೆ ತಕ್ಕಷ್ಟು ಜಾಗ ಉಳಿಸಿಯೇ ಮುಂದಿನ ಮಾತು. ಇಷ್ಟು ಹಂತಗಳಲ್ಲಿ ಎಲ್ಲಿ ಬೇಕಾದರೂ ಫೈಲು ನಿಲ್ಲುತ್ತದೆ. ಆ ಪ್ರತಿ ಹಂತದಲ್ಲೂ ನೂಕುವವರು ಬೇಕು.

ಮೊದಲ ಎರಡು ಅವಧಿಯಲ್ಲಿ ಸಭೆಗೆ ಯಾವ ಫೈಲು ಬರಬೇಕೆಂದು ತೀರ್ಮಾನವಾಗುತ್ತಿದ್ದದ್ದು ಹೋಬಳಿ ಮುಖಂಡರು ಹೆಸರು ಬರೆದು ತಂದುಕೊಟ್ಟ ಚೀಟಿಗಳಿಂದ. ಶಾಸಕರು ಹಣ ಮುಟ್ಟಿದರೆಂದು ಅವರ ವಿರೋಧಿಗಳೂ ಹೇಳುವುದಿಲ್ಲ. ತಮ್ಮವರು ತಂದ ಹೆಸರು ಮೊದಲು ನೋಡುವುದು ಸಹಜ ಎಂದಷ್ಟೇ ಅಂದುಕೊಂಡಿದ್ದರು. ಎಲ್ಲ ಕಡೆಯೂ ಹೀಗೆಯೇ ನಡೆಯುತ್ತಿತ್ತು.

ತಪ್ಪಿಹೋದ ಒಂದು ಗಡುವು

2004ರಿಂದ 2007ರ ನಡುವೆ ರಾಜ್ಯದಲ್ಲಿ ಸಮ್ಮಿಶ್ರ ಸರ್ಕಾರಗಳು ಬಂದುಹೋದವು. ಮೂರೂ ಪ್ರಮುಖ ಪಕ್ಷಗಳು ಒಂದಲ್ಲ ಒಂದು ಹೊತ್ತಿನಲ್ಲಿ ಅಧಿಕಾರದ ಪಾಲುದಾರರಾಗಿದ್ದವು. ಎರಡನೆಯ ಸಲ ಗೆದ್ದಿದ್ದ ಶಾಸಕರಿಗೆ ಮಂತ್ರಿಯಾಗುವ ಆಸೆ ಇತ್ತು, ಅರ್ಹತೆಯೂ ಇತ್ತು. ಆದರೆ ಸಂವಿಧಾನದ 91ನೇ ತಿದ್ದುಪಡಿಯಿಂದ ಮಂತ್ರಿಮಂಡಲ ಸದನದ ಶೇ 15ನ್ನು ಮೀರುವಂತಿಲ್ಲ. 224ಕ್ಕೆ ಅದು ಮುಖ್ಯಮಂತ್ರಿಯೂ ಸೇರಿ 34. ಸಮ್ಮಿಶ್ರದಲ್ಲಿ ಆ 34ನ್ನೂ ಹಂಚಿಕೊಳ್ಳಬೇಕು. ಜಿಲ್ಲೆ, ಜಾತಿ, ಬಣಗಳ ಲೆಕ್ಕದಲ್ಲಿ ಇವರ ಹೆಸರು ಕೊನೆಯ ಗಳಿಗೆಯಲ್ಲಿ ಬಿಟ್ಟುಹೋಯಿತು. ಸಮಾಧಾನಕ್ಕೆ ಒಂದು ನಿಗಮದ ಅಧ್ಯಕ್ಷತೆ ಕೊಟ್ಟರು.

ಆ ನಿಗಮವನ್ನು ಅವರು ಮನಸ್ಸಿಟ್ಟು ನಡೆಸಿದರು. ನಷ್ಟದಲ್ಲಿದ್ದ ಸಂಸ್ಥೆ, ಸಂಬಳಕ್ಕೇ ತತ್ವಾರ. ವಾರದ ಹೆಚ್ಚು ದಿನ ಬೆಂಗಳೂರಿನಲ್ಲೇ ಇರಬೇಕಾಯಿತು. ಕ್ಷೇತ್ರದ ಕೆಲಸ ಆಪ್ತ ಸಹಾಯಕರ ಮತ್ತು ಮುಖಂಡರ ಕೈಗೆ ಹೋಯಿತು.

ಇದೇ ಹೊತ್ತಿನಲ್ಲಿ ಮರುವಿಂಗಡಣೆ ಆಯೋಗದ ಕರಡು ಪ್ರಕಟವಾಯಿತು. ಕರಡಿಗೆ ಆಕ್ಷೇಪಣೆ ಸಲ್ಲಿಸಬಹುದು, ಬಹಿರಂಗ ವಿಚಾರಣೆಯಲ್ಲಿ ಹೋಗಿ ಹೇಳಬಹುದು. ಪ್ರತಿ ರಾಜ್ಯದಿಂದ ಐದು ಸಂಸದರು, ಐದು ಶಾಸಕರು ಆಯೋಗದ ಸಹ ಸದಸ್ಯರಾಗಿರುತ್ತಾರೆ. ಸಲಹೆ ಕೊಡಬಹುದೇ ಹೊರತು ಅವರಿಗೆ ಮತದ ಹಕ್ಕಿಲ್ಲ. ಅಂತಿಮ ಆದೇಶ ರಾಜ್ಯಪತ್ರದಲ್ಲಿ ಪ್ರಕಟವಾದರೆ ನ್ಯಾಯಾಲಯದಲ್ಲೂ ಪ್ರಶ್ನಿಸುವಂತಿಲ್ಲ. ಎಂದರೆ ಇರುವ ಬಾಗಿಲು ಆಕ್ಷೇಪಣೆಯ ಆ ಸ್ವಲ್ಪ ದಿನಗಳು ಮಾತ್ರ.

ಶಾಸಕರ ಕ್ಷೇತ್ರದಲ್ಲಿ ಐದು ಹೋಬಳಿಗಳಿದ್ದವು. ಕರಡಿನಲ್ಲಿ ಮೂರು ಹೋಬಳಿಗಳು ಪಕ್ಕದ ಹೊಸ ಮೀಸಲು ಕ್ಷೇತ್ರಕ್ಕೂ ಎರಡು ಇನ್ನೊಂದು ಪಕ್ಕದ ಸಾಮಾನ್ಯ ಕ್ಷೇತ್ರಕ್ಕೂ ಹಂಚಿಹೋಗಿದ್ದವು. ಒಂದು ಹೋಬಳಿಯ ರೈತರು ತಾವಾಗಿಯೇ ಸಹಿ ಸಂಗ್ರಹಿಸಿ ತಂದರು. ತಾಲ್ಲೂಕು ಕೇಂದ್ರಕ್ಕೆ ಹತ್ತಿರದಲ್ಲಿದ್ದೂ ದೂರದ ಕ್ಷೇತ್ರಕ್ಕೆ ಸೇರಿಸಿದ್ದಾರೆ ಎಂಬ ಅವರ ದೂರು ನ್ಯಾಯವಾದದ್ದೇ ಆಗಿತ್ತು. ಶಾಸಕರು ಪಕ್ಷದ ಹಿರಿಯರನ್ನು ಕೇಳಿದರು. ‘ಇದೆಲ್ಲ ಜಾರಿಗೆ ಬರಲ್ಲ, ಬಂದರೂ ಮುಂದಿನ ಚುನಾವಣೆಗಲ್ಲ’ ಎಂದು ಉತ್ತರ ಬಂತು. ಆಗ ವಿಧಾನಸೌಧದಲ್ಲಿ ಬಹಳ ಜನ ಹಾಗೆಯೇ ನಂಬಿದ್ದರು. ಆ ಅರ್ಜಿ ಸಹಿಗಳ ಸಮೇತ ಸಲ್ಲಿಕೆಯಾಯಿತು, ಆದರೆ ವಿಚಾರಣೆಯ ದಿನ ಅದರ ಪರವಾಗಿ ನಿಂತು ಮಾತಾಡಲು ಶಾಸಕರು ಹೋಗಲಿಲ್ಲ. ಅವತ್ತು ನಿಗಮದ ಆಡಳಿತ ಮಂಡಳಿ ಸಭೆಯಿತ್ತು.

ಅವರು ಹೋಗಿದ್ದರೆ ಗೆರೆ ಬದಲಾಗುತ್ತಿತ್ತೇ ಎಂದು ಯಾರೂ ಹೇಳಲಾರರು. ಆಯೋಗ ಜನಸಂಖ್ಯೆಯ ಲೆಕ್ಕದ ಮೇಲೆ ನಡೆಯುತ್ತಿತ್ತು. ಆದರೂ ಇಡೀ ಪ್ರಕರಣದಲ್ಲಿ ಅತಿ ದುಬಾರಿಯಾಗಿ ಬಿದ್ದ ನಿರ್ಧಾರ ಯಾವುದು ಎಂದು ಕೇಳಿದರೆ ನಾನು ಇದನ್ನೇ ತೋರಿಸುತ್ತೇನೆ. ಮೂರು ಹೋಬಳಿಯ ಜನ ‘ನಮ್ಮನ್ನು ಕಳೆದುಕೊಳ್ಳುವಾಗಲೂ ಬರಲಿಲ್ಲ’ ಎಂದುಕೊಂಡರು. ಉಳಿದ ಎರಡು ಹೋಬಳಿಗಳಲ್ಲಿ ಅವರಿಗೆ ನೆಂಟರಿಷ್ಟರಿದ್ದರು. ಆ ಮಾತು ಅಲ್ಲಿಗೂ ಹೋಯಿತು.

ನಾಲ್ಕು ದಾರಿ

2008ರ ಮೇ ತಿಂಗಳಲ್ಲಿ ಚುನಾವಣೆ. ಹೊಸ ಗಡಿಯಂತೆ ವಿಧಾನಸಭೆಗೆ ಮತ ಹಾಕಿದ ಮೊದಲ ರಾಜ್ಯ ಕರ್ನಾಟಕ. ಶಾಸಕರ ಮುಂದೆ ನಾಲ್ಕು ದಾರಿಗಳಿದ್ದವು. ವಿಧಾನ ಪರಿಷತ್ತಿಗೆ ಕಳಿಸುತ್ತೇವೆಂಬ ಪಕ್ಷದ ಬಾಯಿಮಾತನ್ನು ನಂಬಿ ಕೂರುವುದು ಒಂದು. ಮೀಸಲು ಕ್ಷೇತ್ರದಲ್ಲಿ ತಮಗೆ ಬೇಕಾದವರನ್ನು ನಿಲ್ಲಿಸಿ ಗೆಲ್ಲಿಸಿ ಹಿಂದಿನಿಂದ ಹಿಡಿತ ಇಟ್ಟುಕೊಳ್ಳುವುದು ಇನ್ನೊಂದು. ಲೋಕಸಭೆಗೆ ಒಂದು ವರ್ಷ ಕಾಯುವುದು ಮೂರನೆಯದು. ತಮ್ಮ ಎರಡು ಹೋಬಳಿ ಸೇರಿರುವ ಪಕ್ಕದ ಸಾಮಾನ್ಯ ಕ್ಷೇತ್ರದಲ್ಲಿ, ಅಪರಿಚಿತ ಮೂರು ಹೋಬಳಿಗಳ ಎದುರು, ತಾವೇ ನಿಲ್ಲುವುದು ನಾಲ್ಕನೆಯದು.

ಎರಡನೆಯ ದಾರಿಯನ್ನು ಅವರ ಬೆಂಬಲಿಗರು ಬಲವಾಗಿ ಒತ್ತಾಯಿಸಿದರು. ಅದನ್ನು ಅವರು ನಿರಾಕರಿಸಿದ ರೀತಿ ನನಗೆ ಇಷ್ಟವಾಗುತ್ತದೆ. ಮೀಸಲಾತಿ ಬಂದದ್ದು ಆ ಜನ ತಾವೇ ಆಳಲೆಂದು, ನಾನು ಅಲ್ಲಿ ಬೊಂಬೆ ಕೂರಿಸುವುದಿಲ್ಲ ಎಂದು ತುಂಬಿದ ಸಭೆಯಲ್ಲೇ ಹೇಳಿದರು. ಆ ಕ್ಷೇತ್ರದ ಅಭ್ಯರ್ಥಿಗೆ ತಮ್ಮ ಹಳೆಯ ಬೂತ್ ಪಟ್ಟಿಗಳನ್ನೆಲ್ಲ ಒಪ್ಪಿಸಿದರು.

ಆರಿಸಿಕೊಂಡದ್ದು ನಾಲ್ಕನೆಯ ದಾರಿ. ಆ ಕ್ಷೇತ್ರದಲ್ಲಿ ಟಿಕೆಟ್ಟಿಗೆ ಕಾದಿದ್ದ ಅವರದೇ ಪಕ್ಷದ ಒಬ್ಬರು ಬಂಡಾಯವೆದ್ದು ಪಕ್ಷೇತರರಾಗಿ ನಿಂತರು. ಎದುರಾಳಿಗಳಿಬ್ಬರೂ ‘ಹೊರಗಿನವರು’ ಎಂಬ ಒಂದೇ ಮಾತು ಹಿಡಿದು ಊರೂರು ಸುತ್ತಿದರು. ಶಾಸಕರು ತಮ್ಮ ಕೆಲಸಗಳ ಕರಪತ್ರ ಹಂಚಿದರು. ಹೊಸ ಹೋಬಳಿಯವರಿಗೆ ಅದು ಪಕ್ಕದ ಮನೆಯವರ ಲೆಕ್ಕಪುಸ್ತಕ ಓದಿದ ಹಾಗಿತ್ತು. ತಮ್ಮ ಖಾತೆಯಲ್ಲಿ ಏನೂ ಇಲ್ಲ.

ಸೋತರು. ಅಂತರ ದೊಡ್ಡದೇ ಇತ್ತು.

ಫಾರಂ 20

ಸೋತವರು ಸಾಮಾನ್ಯವಾಗಿ ದುಡ್ಡು, ಜಾತಿ, ಬಂಡಾಯ ಎಂದು ಹೇಳಿ ಮುಗಿಸುತ್ತಾರೆ. ಇವರು ಚುನಾವಣಾಧಿಕಾರಿ ಕಚೇರಿಯಿಂದ ಫಾರಂ 20 ತರಿಸಿದರು. ಯಾವ ಮತಗಟ್ಟೆಯಲ್ಲಿ ಯಾರಿಗೆ ಎಷ್ಟು ಮತ ಎಂದು ಹಾಳೆ ಹಾಳೆಯಾಗಿ ಇರುವ ದಾಖಲೆ ಅದು. ನಾನು ಹೋದಾಗ ಹಜಾರದ ಚಾಪೆಯ ಮೇಲೆ ಹಾಳೆಗಳನ್ನು ಹರಡಿಕೊಂಡು ಕೂತಿದ್ದರು. ಗೆದ್ದ ಬೂತಿಗೆ ನೀಲಿ, ಸೋತದ್ದಕ್ಕೆ ಕೆಂಪು ಪೆನ್ನು. ಪಕ್ಕದಲ್ಲಿ ತಾವು ಮಾಡಿಸಿದ ಕಾಮಗಾರಿಗಳ ಪಟ್ಟಿ.

ಹೊಸ ಹೋಬಳಿಗಳಲ್ಲಿ ಕೆಂಪೇ ಹೆಚ್ಚಿರುತ್ತದೆಂದು ಗೊತ್ತಿತ್ತು. ಅವರನ್ನು ಕಲಕಿದ್ದು ತಮ್ಮ ಹಳೆಯ ಎರಡು ಹೋಬಳಿಗಳು. ಸಮುದಾಯ ಭವನ, ಕಾಂಕ್ರೀಟ್ ರಸ್ತೆ, ಕುಡಿಯುವ ನೀರಿನ ಟ್ಯಾಂಕು ಎಲ್ಲ ಕೊಟ್ಟ ಒಂದು ಹಳ್ಳಿಯ ಎರಡೂ ಬೂತು ಕೆಂಪಾಗಿದ್ದವು. ಅಲ್ಲಿ ಸಾಗುವಳಿ ಚೀಟಿ ಕೂಡ ಹಂಚಿದ್ದರು. ಯಾರಿಗೆ ಹಂಚಿದ್ದರು ಎಂದು ಹೆಸರು ಹಿಡಿದು ನೋಡಿದರೆ ಹೆಚ್ಚುಕಡಿಮೆ ಎಲ್ಲವೂ ಒಂದೇ ಬೀದಿಗೆ, ಒಬ್ಬನೇ ಮುಖಂಡನ ಕಡೆಯವರಿಗೆ ಹೋಗಿದ್ದವು. ಅದೇ ಸರ್ವೆ ನಂಬರಿನಲ್ಲಿ, ಬದು ಹಂಚಿಕೊಂಡು ಉಳುತ್ತಿದ್ದ ಉಳಿದವರ ಅರ್ಜಿಗಳು ಹಾಗೆಯೇ ಬಿದ್ದಿದ್ದವು. ಚೀಟಿ ಸಿಕ್ಕವರು ಮತ ಹಾಕಿದ್ದರು. ಸಿಗದವರು ಅದಕ್ಕಿಂತ ಹೆಚ್ಚಿದ್ದರು, ಮತ್ತು ದಿನಾ ಬೆಳಿಗ್ಗೆ ಹೊಲಕ್ಕೆ ಹೋಗುವಾಗ ಪಕ್ಕದವನ ಚೀಟಿಯನ್ನು ನೆನೆಯುತ್ತಿದ್ದರು.

ಇನ್ನೊಂದು ಅಚ್ಚರಿಯೂ ಆ ಹಾಳೆಗಳಲ್ಲಿತ್ತು. ಹೊಸ ಹೋಬಳಿಗಳ ಕೆಂಪಿನ ನಡುವೆ, ಗಡಿಯಂಚಿನ ನಾಲ್ಕಾರು ಹಳ್ಳಿಗಳು ನೀಲಿಯಾಗಿದ್ದವು. ಅಲ್ಲಿ ಅವರು ಪ್ರಚಾರಕ್ಕೂ ಸರಿಯಾಗಿ ಹೋಗಿರಲಿಲ್ಲ. ವಿಚಾರಿಸಿದಾಗ ತಿಳಿಯಿತು, 1990ರ ದಶಕದಲ್ಲಿ ಮಾಡಿಸಿದ ಆ ಪ್ರೌಢಶಾಲೆಗೆ ನಡೆದು ಬರುತ್ತಿದ್ದ ಮಕ್ಕಳ ಊರುಗಳವು. ಆ ಮಕ್ಕಳು ಈಗ ಮತದಾರರು. ಅವರಲ್ಲಿ ಒಬ್ಬರೂ ಎಂದೂ ಶಾಸಕರ ಮನೆ ಮುಂದಿನ ಸಾಲಿನಲ್ಲಿ ನಿಂತವರಲ್ಲ.

ನನ್ನ ಲೆಕ್ಕದಲ್ಲಿ ಈ ರಾಜಕೀಯ ಬದುಕಿನ ನಡುಬಿಂದು ಇದು. ಶಿಫಾರಸು ಪತ್ರ, ಫೋನು, ಚೀಟಿ ಇವು ಯಾವುವೂ ಕ್ಷೇತ್ರದ ಗೆರೆ ದಾಟಲಿಲ್ಲ. ಯಾರೆಂದು ಕೇಳದೆ ಎಲ್ಲರಿಗೂ ತೆರೆದ ಬಾಗಿಲು ದಾಟಿತು.

ಅಧಿಕಾರವಿಲ್ಲದ ಐದು ವರ್ಷ

ಮುಂದಿನ ಐದು ವರ್ಷ ಅವರಿಗೆ ಹುದ್ದೆ ಇರಲಿಲ್ಲ. ಸಾಲ ತೀರಿಸಲು ನಿವೇಶನವೊಂದನ್ನು ಮಾರಿದರು. ಮನೆ ಮುಂದಿನ ಜನ ವಾರದೊಳಗೆ ಕರಗಿದರು. ಹೆಂಡತಿ ಮಕ್ಕಳಿಗೆ ಅದೊಂದು ನೆಮ್ಮದಿಯೂ ಆಗಿತ್ತೆಂದು ಮನೆಯವರು ಹೇಳುತ್ತಾರೆ.

ಆಗ ಅವರು ಮಾಡಿದ ಕೆಲಸ ಸರಳವಾದದ್ದು. 2005ರ ಮಾಹಿತಿ ಹಕ್ಕು ಕಾಯ್ದೆಯಡಿ, ಯಾವ ನಾಗರಿಕನೂ ಮಾಡುವಂತೆ, ಹತ್ತು ರೂಪಾಯಿ ಶುಲ್ಕ ಕಟ್ಟಿ ಅರ್ಜಿ ಹಾಕಿದರು. ಹೊಸ ಕ್ಷೇತ್ರದ ಐದೂ ಹೋಬಳಿಗಳಲ್ಲಿ ಬಾಕಿಯಿರುವ ಫಾರಂ 50 ಮತ್ತು 53 ಅರ್ಜಿಗಳ ಪಟ್ಟಿ, ಸಲ್ಲಿಸಿದ ದಿನಾಂಕ, ಈಗ ಯಾವ ಹಂತದಲ್ಲಿವೆ ಎಂಬ ವಿವರ ಬೇಕೆಂದು ಕೇಳಿದರು. ಮೂವತ್ತು ದಿನದ ಗಡುವು ದಾಟಿತು, ಮೇಲ್ಮನವಿ ಹಾಕಬೇಕಾಯಿತು, ಕೊನೆಗೆ ಕಟ್ಟು ಕಟ್ಟು ನಕಲು ಬಂತು. ಹಳೆಯ ಎರಡು ಹೋಬಳಿಗಳ ಪಟ್ಟಿಯಲ್ಲಿ ಅನೇಕ ಅರ್ಜಿಗಳು ತಾವೇ ಅಧ್ಯಕ್ಷರಾಗಿದ್ದಾಗಿನಿಂದ ಮಹಜರಿನ ಹಂತದಲ್ಲೇ ನಿಂತಿದ್ದವು.

ಆ ಪಟ್ಟಿ ಹಿಡಿದು ಊರೂರಿಗೆ ಹೋಗಿ ಅರ್ಜಿದಾರರಿಗೆ ಅವರವರ ಕ್ರಮಸಂಖ್ಯೆ ಬರೆದು ಕೊಟ್ಟರು. ‘ನಾನು ಮಾಡಿಸಿಕೊಡ್ತೀನಿ’ ಎಂದು ಒಂದು ಕಡೆಯೂ ಹೇಳಲಿಲ್ಲ, ಹೇಳುವ ಸ್ಥಿತಿಯಲ್ಲೂ ಇರಲಿಲ್ಲ. ‘ನಿಮ್ಮ ಅರ್ಜಿ ಇಲ್ಲಿದೆ, ಇಂಥ ಕಾಗದ ಇಲ್ಲ, ಇದನ್ನು ಕೊಡಿ’ ಎಂದಷ್ಟೇ. ಪ್ರೌಢಶಾಲೆಯ ಹಳೆ ವಿದ್ಯಾರ್ಥಿಗಳಲ್ಲಿ ಕೆಲವರು ಜೊತೆಯಾದರು. ಪಹಣಿ ಓದಲು ಬರುವ ಹುಡುಗ ಹುಡುಗಿಯರು ಹಳ್ಳಿಗೊಬ್ಬರಂತೆ ಸಿಕ್ಕರು. ಹೊಸ ಹೋಬಳಿಗಳಲ್ಲಿ ಅವರಿಗೆ ಕಾರ್ಯಕರ್ತರು ಹುಟ್ಟಿದ್ದು ಹೀಗೆ.

2013ರಲ್ಲಿ ಕಡಿಮೆ ಅಂತರದಲ್ಲಿ ಗೆದ್ದರು.

ಕ್ರಮಸಂಖ್ಯೆಯ ನಿಯಮ

ಮತ್ತೆ ಸಮಿತಿಯ ಅಧ್ಯಕ್ಷರಾದಾಗ ಮೊದಲ ಸಭೆಯಲ್ಲೇ ಮೂರು ತೀರ್ಮಾನ ಮಾಡಿಸಿದರು. ಅರ್ಜಿಗಳನ್ನು ಸಲ್ಲಿಸಿದ ದಿನಾಂಕದ ಪ್ರಕಾರ ಗ್ರಾಮವಾರು ಪಟ್ಟಿ ಮಾಡಿ ಪಂಚಾಯತಿಯ ಸೂಚನಾಫಲಕಕ್ಕೆ ಹಾಕಬೇಕು. ಆ ಕ್ರಮದಲ್ಲೇ ಫೈಲು ಸಭೆಗೆ ಬರಬೇಕು. ತಿರಸ್ಕಾರವಾದರೆ ಕಾರಣವನ್ನು ಕನ್ನಡದಲ್ಲಿ ಬರೆದು ಅರ್ಜಿದಾರನ ಕೈಗೆ ಕೊಡಬೇಕು. ತಹಶೀಲ್ದಾರರಿಗೆ ಇದು ಹಿಡಿಸಿತು, ಎಲ್ಲ ಕಡೆಯಿಂದ ಬರುವ ಒತ್ತಡಕ್ಕೆ ಒಂದೇ ಉತ್ತರ ಸಿಕ್ಕಂತಾಯಿತು.

ಹಿಡಿಸದೇ ಹೋದದ್ದು ಸ್ವಂತ ಮುಖಂಡರಿಗೆ. ಅವರಿಗೆ ಊರಲ್ಲಿ ಇದ್ದ ಬೆಲೆಯೇ ‘ಎಮ್ಮೆಲ್ಲೆ ಹತ್ತಿರ ಕೆಲಸ ಮಾಡಿಸುತ್ತಾನೆ’ ಎಂಬುದು. ಪಟ್ಟಿ ಗೋಡೆಗೆ ಬಿದ್ದ ದಿನ ಆ ಬೆಲೆ ಇಳಿಯಿತು.

ಮಂಡಲ ಪಂಚಾಯತಿಯ ಕಾಲದಿಂದ ಜೊತೆಗಿದ್ದ ಒಬ್ಬ ಹೋಬಳಿ ಮುಖಂಡನ ತಮ್ಮನ ಅರ್ಜಿ ಗೋಮಾಳದ ಸರ್ವೆ ನಂಬರಿನದು. ಉಳಿಸಬೇಕಾದ ಮೇವಿನ ಜಾಗವೇ ಅಲ್ಲಿ ಕಡಿಮೆ ಇತ್ತು. ಅದೇ ಕಾರಣಕ್ಕೆ ಅಕ್ಕಪಕ್ಕದ ಅರ್ಜಿಗಳು ತಿರಸ್ಕಾರವಾಗಿದ್ದವು. ಆತ ರಾತ್ರಿ ಮನೆಗೆ ಬಂದ. ಶಾಸಕರು ನನಗೆ ಹೇಳಿದಂತೆ ಬರೆಯುತ್ತೇನೆ.

“ಅಣ್ಣಾ, ಇಷ್ಟು ವರ್ಷ ನಿಮ್ಮ ಹಿಂದೆ ಓಡಾಡಿದೀನಿ. ನನ್ನ ತಮ್ಮಂದೊಂದು ಫೈಲು ಆಗಲಿಲ್ಲ ಅಂದ್ರೆ ನಾನು ಊರಲ್ಲಿ ಹೆಂಗೆ ತಲೆ ಎತ್ತಿ ಓಡಾಡ್ಲಿ?”

“ಗೋಮಾಳ ಕಣೋ ಅದು. ಪಕ್ಕದ ಹೊಲದೋನಿಗೆ ಆಗಲ್ಲ ಅಂತ ಬರೆದು ಕೊಟ್ಟಿದೀನಿ. ನಿನ್ನ ತಮ್ಮಂಗೆ ಮಾಡಿಕೊಟ್ರೆ ಆ ಊರಿಗೆ ನಾನು ಕಾಲಿಡಕ್ಕಾಗುತ್ತಾ?”

“ಆ ಪಕ್ಕದ ಹೊಲದೋನು ನಿಮಗೆ ಬೂತಲ್ಲಿ ಕೂತ್ಕೊತಾನಾ ಅಣ್ಣಾ?”

ಈ ಕೊನೆಯ ಪ್ರಶ್ನೆಗೆ ಅವತ್ತು ಅವರ ಹತ್ತಿರ ಉತ್ತರ ಇರಲಿಲ್ಲ. ಫೈಲು ತಿರಸ್ಕಾರವಾಯಿತು. ಆರು ತಿಂಗಳೊಳಗೆ ಆ ಮುಖಂಡ ಎದುರಾಳಿ ಪಕ್ಷ ಸೇರಿದ. ಹೋಗುವಾಗ ಹೋಬಳಿಯ ಅರ್ಧ ಬೂತ್ ಏಜೆಂಟರನ್ನು ಕರೆದುಕೊಂಡು ಹೋದ.

ಐದು ವರ್ಷ ಸಮಿತಿ ನಿಯಮದಂತೆ ನಡೆಯಿತು. ವೇಗವಾಗಿ ನಡೆಯಿತೆಂದು ಹೇಳಲಾರೆ, ಸರ್ವೆಯರ್ ಕೊರತೆಯಿಂದ ನಕ್ಷೆಗಳು ತಿಂಗಳುಗಟ್ಟಲೆ ತಡವಾದವು. ಇಲಾಖೆಗಳ ಕೆಲಸ ಪರಿಶೀಲಿಸುವ ಕೆಡಿಪಿ ಸಭೆಯಲ್ಲಿ ಅವರು ಪ್ರತಿ ಸಲ ಅದೇ ಪ್ರಶ್ನೆ ಎತ್ತುತ್ತಿದ್ದರು, ಸದನದಲ್ಲಿ ಮಂತ್ರಿಯೇ ಎದ್ದು ಉತ್ತರಿಸಬೇಕಾದ ಚುಕ್ಕೆ ಗುರುತಿನ ಪ್ರಶ್ನೆಯಾಗಿಯೂ ಕೇಳಿದರು.

2018ರಲ್ಲಿ ಸೋತರು.

ಫಲಿತಾಂಶವನ್ನು ಓದುವ ಬಗೆ

ಈ ಸೋಲನ್ನು ‘ನ್ಯಾಯವಾಗಿ ನಡೆದರೆ ರಾಜಕೀಯದಲ್ಲಿ ಉಳಿಗಾಲವಿಲ್ಲ’ ಎಂದು ಓದುವವರಿದ್ದಾರೆ. ನಾನು ಒಪ್ಪುವುದಿಲ್ಲ. ಈ ಸಲದ ಫಾರಂ 20 ಬೇರೆ ಮಾತು ಹೇಳುತ್ತದೆ. 2008ರಲ್ಲಿ ಕೆಂಪಾಗಿದ್ದ ಹೊಸ ಹೋಬಳಿಗಳಲ್ಲಿ ಅವರ ಮತ ಹೆಚ್ಚಿತ್ತು. ಸೋಲು ಬಂದದ್ದು ಹಳೆಯ ಹೋಬಳಿಗಳಿಂದ, ಅದರಲ್ಲೂ ಮುಖಂಡರು ಕೈಬಿಟ್ಟ ಬೂತುಗಳಿಂದ. ನಿಯಮ ಮೆಚ್ಚಿದ ಜನ ಇದ್ದರು, ಆದರೆ ಮತದಾನದ ದಿನ ಬಿಸಿಲಲ್ಲಿ ಅವರನ್ನು ಮನೆಯಿಂದ ಕರೆತರುವವರು ಇರಲಿಲ್ಲ.

ಹಾಗಾಗಿ ನನ್ನ ಟೀಕೆ ನಿಯಮದ ಮೇಲಲ್ಲ, ಅದನ್ನು ತಂದ ಬಗೆಯ ಮೇಲೆ. ಮುಖಂಡರ ಕೈಯಿಂದ ಚೀಟಿ ಕಿತ್ತುಕೊಂಡ ಮೇಲೆ ಅವರ ಕೈಗೆ ಬೇರೊಂದು ಕೆಲಸ ಕೊಡಬೇಕಿತ್ತು. ಹೊಸ ಹೋಬಳಿಗಳಲ್ಲಿ ಪಹಣಿ ಓದಿ ಕಾಗದ ಜೋಡಿಸಿಕೊಟ್ಟ ಹುಡುಗರಿಗೆ ಸಿಕ್ಕ ಗೌರವ ಹಳೆಯ ಮುಖಂಡರಿಗೂ ಸಿಗುವಂತೆ ಮಾಡಬಹುದಿತ್ತು. ತಿರಸ್ಕಾರದ ಕಾರಣ ವಿವರಿಸುವುದು, ಬಿಟ್ಟುಹೋದ ದಾಖಲೆ ತರಿಸುವುದು, ಸರ್ವೆಗೆ ಜೊತೆಯಲ್ಲಿ ಹೋಗುವುದು, ಇವೆಲ್ಲ ಮುಖಂಡಿಕೆಯೇ. ಶಾಸಕರು ನಿಯಮವನ್ನು ಸಭೆಯಲ್ಲಿ ಘೋಷಿಸಿದರು, ತಮ್ಮವರನ್ನು ಮೊದಲು ಕೂರಿಸಿಕೊಂಡು ಹೇಳಲಿಲ್ಲ. ಮೊದಲೇ ಹೇಳಿದ್ದರೆ ವಿರೋಧ ಹುಟ್ಟಿ ನಿಯಮವೇ ಬರುತ್ತಿರಲಿಲ್ಲ ಎಂದು ಅವರ ವಾದ. ಇಬ್ಬರೂ ಎಷ್ಟೋ ಸಲ ಈ ವಿಷಯಕ್ಕೆ ಜಗಳವಾಡಿದ್ದೇವೆ. ನನ್ನ ಅಭಿಪ್ರಾಯ ಬದಲಾಗಿಲ್ಲ.

ಇನ್ನೊಂದು ಅಂಶವನ್ನು ತರಬೇತಿಯಲ್ಲಿ ನಾನು ಒತ್ತಿ ಹೇಳುತ್ತೇನೆ. ಇವರಿಗೆ ಮಂಡಲ, ಜಿಲ್ಲಾ ಪಂಚಾಯತಿ, ವಿಧಾನಸಭೆ ಎಂಬ ಮೆಟ್ಟಿಲುಗಳಿದ್ದವು. ಪ್ರೌಢಶಾಲೆ ಬಂದದ್ದು ಎರಡನೆಯ ಮೆಟ್ಟಿಲಿನಲ್ಲಿ ನಿಂತಾಗ. ರಾಜ್ಯದಲ್ಲಿ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯತಿಗಳಿಗೆ 2016ರಲ್ಲಿ ಚುನಾವಣೆ ನಡೆದು 2021ರಲ್ಲಿ ಅವಧಿ ಮುಗಿಯಿತು. ಆಮೇಲೆ ವರ್ಷಗಟ್ಟಲೆ ಆ ಸ್ಥಾನಗಳು ಅಧಿಕಾರಿಗಳ ಕೈಯಲ್ಲೇ ಉಳಿದವು. ಗ್ರಾಮ ಪಂಚಾಯತಿಯಿಂದ ನೇರ ವಿಧಾನಸಭೆಗೆ ಜಿಗಿಯಬೇಕಾದರೆ ದುಡ್ಡಿದ್ದವರು ಮಾತ್ರ ಜಿಗಿಯುತ್ತಾರೆ. ಅಭ್ಯರ್ಥಿಯ ವೆಚ್ಚದ ಮಿತಿ 2013ರಲ್ಲಿ 16 ಲಕ್ಷ ರೂಪಾಯಿ ಇದ್ದದ್ದು 2018ರ ಹೊತ್ತಿಗೆ 28 ಲಕ್ಷ, 2023ರ ಹೊತ್ತಿಗೆ 40 ಲಕ್ಷವಾಯಿತು. ರಾಗಿ ಬೆಳೆಯುವ ಮನೆಯ ಹುಡುಗನೊಬ್ಬ ಇವತ್ತು ಇದೇ ದಾರಿಯಲ್ಲಿ ಬರುವುದು ಬಹಳ ಕಷ್ಟ.

2023ರಲ್ಲಿ ಅವರು ಟಿಕೆಟ್ ಕೇಳಲಿಲ್ಲ. ಪಕ್ಷ ಹೊಸಬರಿಗೆ ಕೊಟ್ಟಿತು. ಅವರು ಪ್ರಚಾರ ಮಾಡಿದರು.

ಈಗ ಅವರ ತಲೆಯಲ್ಲಿರುವುದು ಮುಂದಿನ ಮರುವಿಂಗಡಣೆ. ಸಂವಿಧಾನದ ಪ್ರಕಾರ 2026ರ ನಂತರದ ಮೊದಲ ಜನಗಣತಿಯ ಅಂಕಿಗಳ ಮೇಲೆ ಅದು ನಡೆಯಬೇಕು, ಜನಗಣತಿ 2027ಕ್ಕೆ ನಿಗದಿಯಾಗಿದೆ. 2023ರ 106ನೇ ತಿದ್ದುಪಡಿಯಂತೆ ವಿಧಾನಸಭೆಯ ಮೂರನೇ ಒಂದು ಭಾಗ ಮಹಿಳೆಯರಿಗೆ ಮೀಸಲಾಗುವುದೂ ಆ ಮರುವಿಂಗಡಣೆಯ ನಂತರವೇ. ಎಂದರೆ ಇವರಿಗೆ 2008ರಲ್ಲಿ ಆದದ್ದು ಒಂದೇ ಸಲಕ್ಕೆ ಬಹಳ ಮಂದಿಗೆ ಆಗುತ್ತದೆ. ತಮ್ಮ ಹಳೆಯ ಐದು ಹೋಬಳಿಗಳ ಗ್ರಾಮವಾರು ಜನಸಂಖ್ಯೆ, ಊರಿಂದ ತಾಲ್ಲೂಕು ಕೇಂದ್ರಕ್ಕೆ ಇರುವ ದೂರ, ಬಸ್ ಮಾರ್ಗ ಎಲ್ಲವನ್ನೂ ಅವರು ಈಗಲೇ ಪಟ್ಟಿ ಮಾಡಿಸುತ್ತಿದ್ದಾರೆ. ಪಹಣಿ ಓದಲು ಕಲಿತ ಆ ಹುಡುಗಿಯರಲ್ಲಿ ಇಬ್ಬರು ಇವತ್ತು ಗ್ರಾಮ ಪಂಚಾಯತಿ ಸದಸ್ಯೆಯರು. ಪಟ್ಟಿ ಸಿದ್ಧವಾಗುತ್ತಿರುವುದು ಅವರ ಕೈಯಲ್ಲಿ. ಕರಡು ಪ್ರಕಟವಾದರೆ ಆಕ್ಷೇಪಣೆಯನ್ನು ಯಾವ ನಮೂನೆಯಲ್ಲಿ ಬರೆಯಬೇಕು, ವಿಚಾರಣೆಯ ದಿನ ಯಾರು ಹೋಗಿ ಮಾತಾಡಬೇಕು ಎಂಬುದನ್ನೂ ಮೂವರೂ ಕೂತು ಬರೆದಿಟ್ಟಿದ್ದಾರೆ.